ಗೃಹಸಾಲ: ಕಂತಿನ ಪಕ್ಕದಲ್ಲಿ ಉಳಿದ ಅಸಲನ್ನೂ ಅಚ್ಚು ಹಾಕಿ

ಮಾನ್ಯ ಸಂಪಾದಕರೇ,

ಗೃಹಸಾಲದ ಜಾಹೀರಾತುಗಳಲ್ಲಿ ದೊಡ್ಡ ಅಕ್ಷರದಲ್ಲಿ ಇರುವುದು ಎರಡೇ ಅಂಕಿ, ಬಡ್ಡಿದರ ಮತ್ತು ತಿಂಗಳ ಕಂತು. ಹಣಕಾಸಿನ ಅಂಕಣಗಳಲ್ಲೂ ಹೆಚ್ಚುಕಡಿಮೆ ಅಷ್ಟೇ. ಸಾಲ ಕೊನೆಗೆ ಎಷ್ಟಕ್ಕೆ ಬೀಳುತ್ತದೆ ಎಂಬುದು ಈ ಎರಡರಿಂದ ತಿಳಿಯುವುದಿಲ್ಲ. ಅದನ್ನು ತಿಳಿಯಲು ನೋಡಬೇಕಾದ ಅಂಕಿ ಬೇರೆ: ಇಂಥ ದಿನಕ್ಕೆ ಉಳಿದಿರುವ ಅಸಲು ಎಷ್ಟು, ಉಳಿದಿರುವ ತಿಂಗಳು ಎಷ್ಟು. ಇದು ಯಾಕೆ ಮುಖ್ಯ ಎಂಬುದನ್ನು ಲೆಕ್ಕ ಸಮೇತ ಓದುಗರ ಮುಂದಿಡಲು ಈ ಪತ್ರ.

ಕೆಳಗಿನ ಲೆಕ್ಕಗಳಿಗೆಲ್ಲ ಒಂದೇ ಉದಾಹರಣೆ ಸಾಕು: 10 ಲಕ್ಷ ಸಾಲ, ವರ್ಷಕ್ಕೆ ಶೇ 9 ಬಡ್ಡಿ, 20 ವರ್ಷ ಅಂದರೆ 240 ಕಂತು. ಸಾಲ 50 ಲಕ್ಷವಿದ್ದವರು ಎಲ್ಲ ಮೊತ್ತವನ್ನೂ ಐದರಿಂದ ಗುಣಿಸಿಕೊಳ್ಳಬಹುದು, ತಿಂಗಳುಗಳ ಲೆಕ್ಕ ಬದಲಾಗುವುದಿಲ್ಲ.

ಶೇ 9 ಅಂದರೆ ತಿಂಗಳಿಗೆ ಶೇ 0.75. ಕಂತು 8,997. ಮೊದಲ ತಿಂಗಳ ಬಡ್ಡಿಯೇ 7,500, ಅಸಲಿಗೆ ಹೋಗುವುದು 1,497 ಮಾತ್ರ. ಎರಡನೇ ತಿಂಗಳು ಅಸಲು ಅಷ್ಟು ಕಡಿಮೆಯಾದ್ದರಿಂದ ಬಡ್ಡಿ 11ರಷ್ಟು ಇಳಿಯುತ್ತದೆ, ಆ 11 ಅಸಲಿನ ಪಾಲಿಗೆ ಸೇರುತ್ತದೆ. ಹೀಗೆ ಅಸಲಿನ ಪಾಲು ಪ್ರತಿ ತಿಂಗಳೂ ಶೇ 0.75ರ ದರದಲ್ಲೇ ಬೆಳೆಯುತ್ತದೆ, ಸುಮಾರು 93 ತಿಂಗಳಿಗೊಮ್ಮೆ ಇಮ್ಮಡಿಯಾಗುತ್ತದೆ. ಚಕ್ರಬಡ್ಡಿ ಇಲ್ಲಿ ಸಾಲಗಾರನ ಪರವಾಗಿಯೂ ದುಡಿಯುತ್ತದೆ. ಆದರೆ ಬಹಳ ನಿಧಾನಕ್ಕೆ ಶುರುವಾಗುತ್ತದೆ, ಅಷ್ಟೇ.

ಎಷ್ಟು ನಿಧಾನ ಅಂದರೆ, ಐದು ವರ್ಷ ಒಂದು ಕಂತೂ ತಪ್ಪದೆ ಕಟ್ಟಿದರೆ 5.40 ಲಕ್ಷ ಕೈಬಿಟ್ಟಿರುತ್ತದೆ, ಅಸಲು ಮಾತ್ರ ಇನ್ನೂ 8.87 ಲಕ್ಷ ನಿಂತಿರುತ್ತದೆ. ಹತ್ತು ವರ್ಷ, ಅಂದರೆ ಅರ್ಧ ಅವಧಿ ಮುಗಿದಾಗ, ಉಳಿದದ್ದು 7.10 ಲಕ್ಷ. ಅಸಲು ಅರ್ಧಕ್ಕೆ ಇಳಿಯುವುದು 14ನೇ ವರ್ಷ ಮುಗಿಯುವಾಗ. ಕಂತಿನಲ್ಲಿ ಬಡ್ಡಿಗಿಂತ ಅಸಲಿನ ಪಾಲು ಹೆಚ್ಚಾಗುವುದು 149ನೇ ತಿಂಗಳಿನಿಂದ, ಕೊನೆಯ 92 ತಿಂಗಳಲ್ಲಿ ಮಾತ್ರ. ಅವಧಿ 30 ವರ್ಷವಿದ್ದರೂ ಶೇ 9ಕ್ಕೆ ಇದೇ 92 ತಿಂಗಳು. ಆಗ ಆ ಹಂತ ತಲುಪಲು 22 ವರ್ಷ ದಾಟಬೇಕು. ಕೆಲವರು ಇದನ್ನು ‘ಬ್ಯಾಂಕು ಬಡ್ಡಿಯನ್ನು ಮೊದಲೇ ವಸೂಲಿ ಮಾಡುತ್ತದೆ’ ಎಂದು ಬಯ್ಯುತ್ತಾರೆ. ಅದು ತಪ್ಪು. ಆಯಾ ತಿಂಗಳು ಉಳಿದ ಅಸಲಿಗೆ ಆದ ಬಡ್ಡಿಯನ್ನಷ್ಟೇ ಪಡೆಯುತ್ತಾರೆ. ಮೊದಲ ವರ್ಷಗಳಲ್ಲಿ ಅಸಲು ದೊಡ್ಡದು, ಹಾಗಾಗಿ ಬಡ್ಡಿಯೂ ದೊಡ್ಡದು.

ಇನ್ನು ಅವಧಿ. ‘ಕಂತು ಭಾರವಾದರೆ ವರ್ಷ ಹೆಚ್ಚಿಸಿಕೊಳ್ಳಿ’ ಎಂಬ ಸಲಹೆ ಕೇಳಲು ಸುಲಭ. 15 ವರ್ಷಕ್ಕಾದರೆ ಕಂತು 10,143, ಒಟ್ಟು ಬಡ್ಡಿ 8.26 ಲಕ್ಷ. 20 ವರ್ಷಕ್ಕೆ 8,997, ಬಡ್ಡಿ 11.59 ಲಕ್ಷ. 25 ವರ್ಷಕ್ಕೆ 8,392, ಬಡ್ಡಿ 15.18 ಲಕ್ಷ. 30 ವರ್ಷಕ್ಕೆ 8,046, ಬಡ್ಡಿ 18.97 ಲಕ್ಷ. ಇಪ್ಪತ್ತರಿಂದ ಮೂವತ್ತಕ್ಕೆ ಹೋದಾಗ ಕಂತು ಇಳಿದದ್ದು 951, ಬಡ್ಡಿ ಏರಿದ್ದು 7.37 ಲಕ್ಷ. ಕಂತು ಇಷ್ಟು ಕಡಿಮೆ ಇಳಿಯಲು ಕಾರಣವಿದೆ: ಮೊದಲ ತಿಂಗಳ ಬಡ್ಡಿ 7,500 ಇದೆಯಲ್ಲ, ಕಂತು ಅದಕ್ಕಿಂತ ಕೆಳಗೆ ಎಂದೂ ಹೋಗಲಾರದು. ನೂರು ವರ್ಷಕ್ಕೆ ಎಳೆದರೂ 7,500ರ ಮೇಲೆಯೇ. 30 ವರ್ಷದ ಸಾಲದಲ್ಲಿ ಮೊದಲ ತಿಂಗಳು ಅಸಲು ಕರಗುವುದು 546 ಮಾತ್ರ. ವರ್ಷ ಹೆಚ್ಚಿಸಿದಷ್ಟೂ ಅಸಲಿಗೆ ಹೋಗುವ ಈ ಸಣ್ಣ ಪಾಲೇ ಸವೆಯುತ್ತದೆ, ಬಡ್ಡಿಯ ಪಾಲು ಕದಲುವುದಿಲ್ಲ.

ಅತಿ ಹೆಚ್ಚು ಮಂದಿ ಪೆಟ್ಟು ತಿನ್ನುವುದು ಬದಲಾಗುವ ಬಡ್ಡಿದರದಲ್ಲಿ, ಅಂದರೆ ಫ್ಲೋಟಿಂಗ್ ದರದಲ್ಲಿ. ಎರಡು ವರ್ಷ ಕಟ್ಟಿದ ಮೇಲೆ ದರ ಶೇ 9ರಿಂದ 10ಕ್ಕೆ ಏರಿತು ಎನ್ನೋಣ. ಆಗ ಉಳಿದ ಅಸಲು 9.61 ಲಕ್ಷ, ಉಳಿದ ಕಂತು 216. ಕಂತನ್ನು ಹಾಗೇ ಬಿಟ್ಟು ಅವಧಿಯನ್ನು ಹಿಗ್ಗಿಸಿದರೆ 216 ಕಂತು 266 ಆಗುತ್ತದೆ. ಹೆಚ್ಚುವರಿ 50 ತಿಂಗಳು, ಸುಮಾರು 4.5 ಲಕ್ಷ. ಖಾತೆಯಿಂದ ಕಡಿತವಾಗುವ ಮೊತ್ತ ಬದಲಾಗದ್ದರಿಂದ ಮನೆಯವರಿಗೆ ಏನೂ ಆದಂತೆ ಅನಿಸುವುದಿಲ್ಲ. ಅದರ ಬದಲು ಅವಧಿಯನ್ನು ಹಾಗೇ ಇಟ್ಟು ಕಂತನ್ನು 9,606ಕ್ಕೆ ಏರಿಸಿಕೊಂಡರೆ ತಿಂಗಳಿಗೆ 609 ಹೆಚ್ಚು, 216 ತಿಂಗಳಿಗೆ ಸುಮಾರು 1.32 ಲಕ್ಷ. ಅದೇ ದರ ಏರಿಕೆ, ಅದೇ ಸಾಲ. ಬೇರೆಯಾದದ್ದು ಒಂದು ಅರ್ಜಿಯ ಆಯ್ಕೆ.

ದರ ಇನ್ನೂ ಏರಿ ಶೇ 11.25 ತಲುಪಿದರೆ ಆ 9.61 ಲಕ್ಷದ ತಿಂಗಳ ಬಡ್ಡಿಯೇ 9,007. ಕಂತು 8,997. ಅಂದರೆ ಕಂತು ಬಡ್ಡಿಗೂ ಸಾಲದು, ಬಾಕಿ ಬಡ್ಡಿ ಅಸಲಿಗೆ ಸೇರಿ ಸಾಲ ಬೆಳೆಯತೊಡಗುತ್ತದೆ. ಕಟ್ಟುತ್ತಿದ್ದರೂ ಸಾಲ ಏರುವ ಸ್ಥಿತಿ ಇದೇ. ಹಾಗಾಗಿ ದರ ಬದಲಾದ ಪತ್ರ ಬಂದ ದಿನವೇ ಮೂರು ಪ್ರಶ್ನೆಯನ್ನು ಬರೆದು ಕೇಳಬೇಕು: ಇಂದಿನ ಅಸಲು ಎಷ್ಟು? ಉಳಿದ ಕಂತು ಎಷ್ಟು? ಅವಧಿಯನ್ನು ಮೊದಲಿನಷ್ಟೇ ಇಡಲು ಹೊಸ ಕಂತು ಎಷ್ಟಾಗಬೇಕು? ದರ ಇಳಿದಾಗ ತಿರುವುಮುರುವು. ಕಂತನ್ನು ಇಳಿಸಬೇಡಿ ಎಂದು ಕೇಳಿಕೊಂಡರೆ ಅವಧಿ ತಾನಾಗಿ ಕುಗ್ಗುತ್ತದೆ.

ಮುಂಗಡವಾಗಿ ಅಸಲು ಕಟ್ಟುವ ವಿಚಾರದಲ್ಲೂ ಇದೇ ಆಯ್ಕೆ ಅಡಗಿದೆ, ಇಲ್ಲಿ ಗೊಂದಲವೂ ಜಾಸ್ತಿ. ಒಂದು ವರ್ಷ ಮುಗಿದಾಗ 1 ಲಕ್ಷ ಹೆಚ್ಚುವರಿ ಕಟ್ಟಿ, ಕಂತನ್ನು ಹಾಗೇ ಮುಂದುವರಿಸಿದರೆ 228ರ ಬದಲು 178 ಕಂತಿಗೆ ಸಾಲ ತೀರುತ್ತದೆ. ಬಡ್ಡಿಯಲ್ಲಿ ಉಳಿಯುವುದು ಸುಮಾರು 3.54 ಲಕ್ಷ. ಅದೇ 1 ಲಕ್ಷಕ್ಕೆ ಪ್ರತಿಯಾಗಿ ಕಂತನ್ನು ತಗ್ಗಿಸಿ ಎಂದರೆ ತಿಂಗಳಿಗೆ 917 ಇಳಿಯುತ್ತದೆ, ಅವಧಿ ಹಾಗೇ ಇರುತ್ತದೆ, ಬಡ್ಡಿಯಲ್ಲಿ ಉಳಿಯುವುದು 1.09 ಲಕ್ಷ. ಎರಡನೆಯದು ಮೋಸವೇನಲ್ಲ, ಆ 917 ಪ್ರತಿ ತಿಂಗಳೂ ನಿಮ್ಮ ಕೈಯಲ್ಲೇ ಉಳಿಯುತ್ತದೆ. ಆದರೆ ಏನನ್ನೂ ಹೇಳದೆ ಹಣ ಕಟ್ಟಿ ಬಂದರೆ ಸಂಸ್ಥೆಯ ಕಂಪ್ಯೂಟರು ಎರಡರಲ್ಲಿ ಯಾವುದನ್ನು ಹಿಡಿಯುತ್ತದೆ ಎಂಬುದು ಅವರ ರೂಢಿಗೆ ಬಿಟ್ಟ ಮಾತು. ಇನ್ನೂ ಕೆಟ್ಟದ್ದು, ಆ ಮೊತ್ತ ‘ಮುಂದಿನ ಕಂತುಗಳ ಮುಂಗಡ’ ಎಂದು ಜಮೆಯಾಗುವುದು. ಆಗ ಅಸಲು ಒಂದಿಷ್ಟೂ ಇಳಿಯದೆ, ಕೆಲವು ತಿಂಗಳು ಕಂತು ಕಡಿತವಾಗದೆ ನಿಲ್ಲುತ್ತದೆ. ‘ಈ ಮೊತ್ತವನ್ನು ಇಂದೇ ಅಸಲಿಗೆ ಜಮೆ ಮಾಡಿ, ಕಂತು ಬದಲಿಸದೆ ಅವಧಿ ಕಡಿಮೆ ಮಾಡಿ’ ಎಂದು ಎರಡು ಸಾಲು ಬರೆದುಕೊಟ್ಟು, ಒಂದು ವಾರದ ನಂತರ ಹೊಸ ಮರುಪಾವತಿ ಪಟ್ಟಿಯನ್ನು ಪಡೆದು ನೋಡಬೇಕು.

ಇದೇ 1 ಲಕ್ಷವನ್ನು ಹತ್ತು ವರ್ಷವಾದ ಮೇಲೆ ಕಟ್ಟಿದರೆ ಉಳಿಯುವ ಬಡ್ಡಿ 1.24 ಲಕ್ಷಕ್ಕೆ ಇಳಿಯುತ್ತದೆ. ದೊಡ್ಡ ಮೊತ್ತ ಕೂಡಿಬರಲಿ ಎಂದು ಕಾಯುವುದಕ್ಕಿಂತ ಮೊದಲ ತಿಂಗಳಿನಿಂದಲೇ 1,000 ಹೆಚ್ಚು ಕಟ್ಟುವುದು ಲೇಸು. 240ರ ಬದಲು 186 ಕಂತು, ಉಳಿತಾಯ ಸುಮಾರು 3 ಲಕ್ಷ. ಒಂದು ಎಚ್ಚರಿಕೆ: ಮನೆಸಾಲಕ್ಕೆ ಹಾಕಿದ ಹಣ ಗೋಡೆಯಲ್ಲಿ ಇಟ್ಟಿಗೆಯಾದಂತೆ, ಬೇಕೆಂದಾಗ ಹಿಂದೆ ಬಾರದು. ಆಪತ್ತಿಗೆ ಕೆಲವು ತಿಂಗಳ ಖರ್ಚು ಕೈಯಲ್ಲಿರಬೇಕು. ಕ್ರೆಡಿಟ್ ಕಾರ್ಡಿನಂಥ ದುಬಾರಿ ಸಾಲವಿದ್ದರೆ ಮೊದಲು ತೀರಬೇಕಾದ್ದು ಅದು. ಮುಂಗಡ ಪಾವತಿಗೆ ದಂಡಶುಲ್ಕ ಇದೆಯೇ ಎಂಬುದನ್ನೂ ಕರಾರಿನಲ್ಲಿ ನೋಡಿಕೊಳ್ಳಬೇಕು. ದರ ಸ್ಥಿರವಾಗಿರುವ ಸಾಲಗಳಲ್ಲಿ ಅದು ಬರುವ ಸಂಭವ ಹೆಚ್ಚು.

ಕಂತು ಬಿಡುವುದು ಇದರ ಉಲ್ಟಾ. ಒಂದು ವರ್ಷ ಕಟ್ಟಿ, ನಂತರ ಮೂರು ತಿಂಗಳು ‘ವಿನಾಯಿತಿ’ ಪಡೆದರೆ ಆ ಮೂರು ತಿಂಗಳ ಬಡ್ಡಿ ಅಸಲಿಗೆ ಸೇರಿ ಬಾಕಿ 9.81 ಲಕ್ಷದಿಂದ 10.04 ಲಕ್ಷಕ್ಕೆ, ಅಂದರೆ ಸಾಲ ಪಡೆದ ದಿನಕ್ಕಿಂತ ಮೇಲಕ್ಕೆ ಹೋಗುತ್ತದೆ. ಹಳೆಯ ಕಂತನ್ನೇ ಮುಂದುವರಿಸಿದರೆ ಬಿಟ್ಟ ಮೂರಕ್ಕೆ ಪ್ರತಿಯಾಗಿ ಕೊನೆಯಲ್ಲಿ 17 ಕಂತಿಗೂ ಹೆಚ್ಚು ಕಟ್ಟಬೇಕು. ಕೆಲಸ ಹೋದವರಿಗೆ, ಆಸ್ಪತ್ರೆ ಸೇರಿದವರಿಗೆ ಆ ವಿನಾಯಿತಿ ಬೇಕೇ ಬೇಕು. ಸುಮ್ಮನೆ ಸಿಕ್ಕಿತೆಂದು ಪಡೆದವರಿಗೆ ಮಾತ್ರ ಅದು ದುಬಾರಿ ಬಿಡುವು.

ಕಡಿಮೆ ಬಡ್ಡಿಯ ಬೇರೆ ಸಂಸ್ಥೆಗೆ ಸಾಲ ವರ್ಗಾಯಿಸುವಾಗ ಆಗುವ ಎಡವಟ್ಟು ಇನ್ನೊಂದು ಬಗೆಯದು. ಹತ್ತು ವರ್ಷದ ಬಳಿಕ ಉಳಿದ 7.10 ಲಕ್ಷವನ್ನು ಶೇ 8ಕ್ಕೆ ವರ್ಗಾಯಿಸಿ, ಮತ್ತೆ 20 ವರ್ಷ ಎಂದು ಬರೆಸಿಕೊಂಡರೆ ಕಂತು 8,997ರಿಂದ 5,941ಕ್ಕೆ ಇಳಿದು ಖುಷಿಯಾಗುತ್ತದೆ. ಆದರೆ ಹಳೆಯ ಸಾಲದಲ್ಲೇ ಇದ್ದಿದ್ದರೆ ಇನ್ನು ಕಟ್ಟಬೇಕಿದ್ದುದು 10.80 ಲಕ್ಷ, ಹೊಸದರಲ್ಲಿ ಕಟ್ಟುವುದು 14.26 ಲಕ್ಷ. ದರ ಇಳಿದರೂ ಖರ್ಚು ಮೂರೂವರೆ ಲಕ್ಷದಷ್ಟು ಏರಿತು. ಉಳಿದಿದ್ದ 10 ವರ್ಷಕ್ಕೇ ವರ್ಗಾಯಿಸಿದರೆ ಕಂತು 8,617, ಉಳಿತಾಯ ಸುಮಾರು 45,600. ಹೊಸ ಸಂಸ್ಥೆಯ ಪ್ರೊಸೆಸಿಂಗ್ ಶುಲ್ಕ, ಕಾನೂನು ಪರಿಶೀಲನೆ, ಮೌಲ್ಯಮಾಪನ, ಅಡಮಾನ ನೋಂದಣಿ ಎಲ್ಲ ಸೇರಿ ಈ 45,600ಕ್ಕಿಂತ ಸಾಕಷ್ಟು ಕಡಿಮೆ ಇದ್ದರೆ ಮಾತ್ರ ವರ್ಗಾವಣೆ ಲಾಭ.

ಬಿಡಿ ಖರ್ಚುಗಳನ್ನು ಸಾಲಕ್ಕೇ ಸೇರಿಸುವ ಪದ್ಧತಿಯನ್ನೂ ಗಮನಿಸಬೇಕು. ವಿಮೆಯ ಒಂದೇ ಕಂತಿನ ಪ್ರೀಮಿಯಂ 50,000 ಎಂದು ಸಾಲದ ಮೊತ್ತಕ್ಕೆ ಸೇರಿಸಿದರೆ 20 ವರ್ಷದಲ್ಲಿ ಅದಕ್ಕೆ ತೆರುವುದು 1.08 ಲಕ್ಷ. ವಿಮೆ ಬೇಡವೆನ್ನುತ್ತಿಲ್ಲ, ಬೇರೆಯಾಗಿ ಕೊಂಡರೆ ಎಷ್ಟಾಗುತ್ತದೆಂದು ಹೋಲಿಸಿ ನೋಡಿ. ಬಡ್ಡಿಯನ್ನು ಯಾವ ಬಾಕಿಯ ಮೇಲೆ ಹಾಕುತ್ತಾರೆ ಎಂದೂ ಕೇಳಿ. ವರ್ಷದ ಆರಂಭದ ಬಾಕಿಗೆ ಇಡೀ ವರ್ಷದ ಬಡ್ಡಿ ಹಾಕಿ, ಅಸಲನ್ನು ವರ್ಷದ ಕೊನೆಗೆ ಕಳೆಯುವ ಕ್ರಮವಿದ್ದರೆ ಅದೇ ಶೇ 9ಕ್ಕೆ ಕಂತು 9,129 ಆಗುತ್ತದೆ, ಒಟ್ಟಾರೆ ಸುಮಾರು 31,600 ಹೆಚ್ಚು. ಅಂಥ ಸಾಲದಲ್ಲಿ ವರ್ಷದ ನಡುವೆ ಮುಂಗಡ ಕಟ್ಟಿದರೆ ವರ್ಷ ಮುಗಿಯುವವರೆಗೆ ಅದರ ಫಲವೂ ಸಿಗದು.

ಮಾರಾಟಗಾರರ ಒಂದು ಚಮತ್ಕಾರದ ಬಗ್ಗೆಯೂ ಹೇಳಬೇಕು. 11.59 ಲಕ್ಷ ಬಡ್ಡಿಯನ್ನು 20 ವರ್ಷಕ್ಕೆ ಹಂಚಿ, ‘ನೋಡಿ, ನಿಮಗೆ ವರ್ಷಕ್ಕೆ ಬೀಳುವುದು ಶೇ 5.8 ಮಾತ್ರ’ ಎನ್ನುತ್ತಾರೆ. ಭಾಗಾಕಾರ ಸರಿ, ಅರ್ಥ ಸುಳ್ಳು. ನಿಮ್ಮ ಬಳಿ 20 ವರ್ಷವೂ 10 ಲಕ್ಷ ಇರಲಿಲ್ಲ, ಅಸಲು ಇಳಿಯುತ್ತ ಬಂದಿತ್ತು. ಆ ಶೇ 5.8ನ್ನು ಠೇವಣಿಯ ಬಡ್ಡಿಯೊಡನೆ ಹೋಲಿಸಿ ‘ಸಾಲ ತೀರಿಸದೆ ಠೇವಣಿ ಇಡಿ’ ಎಂದರೆ ನಂಬಬಾರದು.

ಇನ್ನೊಂದು ಪಕ್ಕದ ಮಾತನ್ನೂ ಹೇಳದಿದ್ದರೆ ನ್ಯಾಯವಾಗದು. ‘10 ಲಕ್ಷಕ್ಕೆ 21.59 ಲಕ್ಷ ಕಟ್ಟಿದೆ’ ಎಂದು ಗಾಬರಿ ಹುಟ್ಟಿಸುವುದೂ ಅರ್ಧಸತ್ಯ. ಇಪ್ಪತ್ತನೇ ವರ್ಷದ 8,997ಕ್ಕೆ ಇಂದಿನ 8,997ರ ಬೆಲೆ ಇರುವುದಿಲ್ಲ. ಹಣದುಬ್ಬರ ವರ್ಷಕ್ಕೆ ಶೇ 5 ಎಂದು ಹಿಡಿದು ಎಲ್ಲ ಕಂತುಗಳನ್ನೂ ಇಂದಿನ ಬೆಲೆಗೆ ಇಳಿಸಿದರೆ ಮೊತ್ತ 14 ಲಕ್ಷದೊಳಗೇ ನಿಲ್ಲುತ್ತದೆ. ಸಂಬಳ ಏರುತ್ತ ಹೋದವರಿಗೆ ಕಂತು ಹಗುರವಾಗುವುದು ಇದರಿಂದಲೇ. ಆದರೆ ಈ ಸಮಾಧಾನ ಏರುವ ಆದಾಯದವರಿಗೆ. ಅವಧಿ ಹಿಗ್ಗಿ ಹಿಗ್ಗಿ ನಿವೃತ್ತಿಯ ಆಚೆಗೆ ಹೋದ ಸಾಲಕ್ಕೆ ಇದು ಅನ್ವಯಿಸದು.

ಲೆಕ್ಕ ಮಾಡಿಕೊಳ್ಳಲು ಯಾರ ಹಂಗೂ ಬೇಡ. ಎಕ್ಸೆಲ್ಲಿನಲ್ಲೋ ನೋಟ್‌ಬುಕ್ಕಿನಲ್ಲೋ ನಾಲ್ಕು ಕಾಲಂ ಎಳೆಯಿರಿ: ಆರಂಭದ ಅಸಲು, ಬಡ್ಡಿ, ಕಂತಿನಲ್ಲಿ ಅಸಲಿನ ಪಾಲು, ಉಳಿದ ಅಸಲು. ಆರಂಭದ ಅಸಲನ್ನು ವಾರ್ಷಿಕ ದರದಿಂದ ಗುಣಿಸಿ 1,200ರಿಂದ ಭಾಗಿಸಿದರೆ ತಿಂಗಳ ಬಡ್ಡಿ. ಕಂತಿನಿಂದ ಅದನ್ನು ಕಳೆದರೆ ಅಸಲಿನ ಪಾಲು. ಅದನ್ನು ಆರಂಭದ ಅಸಲಿನಿಂದ ಕಳೆದರೆ ಉಳಿದದ್ದು, ಅದೇ ಮುಂದಿನ ಸಾಲಿನ ಆರಂಭ. ವರ್ಷಕ್ಕೊಮ್ಮೆ ಸಂಸ್ಥೆಯ ಸ್ಟೇಟ್‌ಮೆಂಟಿನೊಂದಿಗೆ ಕೊನೆಯ ಕಾಲಂ ತಾಳೆ ನೋಡಿ. ದಿನದ ಲೆಕ್ಕದಲ್ಲಿ ಬಡ್ಡಿ ಹಾಕುವಲ್ಲಿ ಸಣ್ಣ ವ್ಯತ್ಯಾಸ ಸಹಜ. ಸಾವಿರಗಳಲ್ಲಿ ವ್ಯತ್ಯಾಸವಿದ್ದರೆ ದರ ಬದಲಾದ ದಿನಾಂಕ, ದಂಡಶುಲ್ಕ, ಜಮೆಯಾಗದ ಮುಂಗಡ, ಈ ಮೂರರಲ್ಲಿ ಒಂದನ್ನು ಮೊದಲು ಹುಡುಕಿ.

ತಮ್ಮ ಪತ್ರಿಕೆಯಲ್ಲಿ ನನ್ನ ಕೋರಿಕೆ ಇಷ್ಟು. ಗೃಹಸಾಲದ ದರಗಳ ಪಟ್ಟಿ ಪ್ರಕಟಿಸುವಾಗ ಕಂತಿನ ಪಕ್ಕದಲ್ಲಿ ಇನ್ನು ಮೂರು ಕಾಲಂ ಸೇರಿಸಿ: ಒಟ್ಟು ಬಡ್ಡಿ, ಐದು ವರ್ಷಕ್ಕೆ ಉಳಿಯುವ ಅಸಲು, ದರ ಶೇ 1 ಏರಿದರೆ ಅವಧಿ ಬದಲಾಗದಂತೆ ಕಟ್ಟಬೇಕಾದ ಕಂತು. ಜಾಗ ಸಾಲದಿದ್ದರೆ ‘ಆರಂಭಿಕ ಆಕರ್ಷಕ ದರ’ದ ಕಾಲಮ್ಮನ್ನು ಕೈಬಿಡಬಹುದು.

ಇತಿ,
ತಮ್ಮ ಓದುಗ