ಸ್ಕೀ ಹೋಟೆಲ್ ಬಗ್ಗೆ ಬರೆಯೋರು ಒಂದ್ಸಲ ಬೇಸ್‌ಮೆಂಟಿಗೂ ಇಳೀರಿ

ಸಂಪಾದಕರಿಗೆ ನಮಸ್ಕಾರ,

ಹೋದ ಭಾನುವಾರದ ಪುರವಣೀಲಿ ಅಮೆರಿಕದ ಕೊಲರಾಡೋ ರಾಜ್ಯದ ಆಸ್ಪೆನ್ ಊರಿನ ಲಕ್ಷುರಿ ಹೋಟೆಲುಗಳ ಬಗ್ಗೆ ಬಂದಿದ್ದ ಲೇಖನ ಓದ್ದೆ. ಫೋಟೋಗಳು ಭರ್ಜರಿಯಾಗಿದ್ವು, ಅದ್ರಲ್ಲಿ ಎರಡು ಮಾತಿಲ್ಲ. ಆದ್ರೆ ಲೇಖನದ ತುಂಬಾ ಟೆರೇಸ್ ಮೇಲಿನ ಬಿಸಿನೀರಿನ ಪೂಲು, ಕುರಿಚರ್ಮ ಹೊದಿಸಿದ ಕುರ್ಚಿ, ಮಧ್ಯಾಹ್ನ ಮೂರಕ್ಕೇ ಶುರುವಾಗೋ ಡಿಜೆ, ಇಷ್ಟೇ. ಸ್ಕೀ ಊರಿನ ಹೋಟೆಲು ಅಂತ ಹೆಡ್ಡಿಂಗ್ ಕೊಟ್ಟು ಸ್ಕೀ ಮಾಡೋ, ಅಂದ್ರೆ ಕಾಲಿಗೆ ಉದ್ದ ಪಟ್ಟಿ ಕಟ್ಕೊಂಡು ಹಿಮದ ಮೇಲೆ ಜಾರೋ ವಿಷಯಾನೇ ಬಿಟ್ಟುಬಿಟ್ರೆ ಹೆಂಗೆ ಸ್ವಾಮಿ? ಮಗಳು ಅಳಿಯ ಅದೇ ರಾಜ್ಯದ ಡೆನ್ವರಲ್ಲಿದಾರೆ, ಕಳೆದ ಚಳಿಗಾಲ ಅವರ ಜೊತೆ ನಾವೂ ಆಸ್ಪೆನ್ನಿನ ಇಂಥದ್ದೇ ಒಂದು ಹೋಟೆಲಲ್ಲಿ ಉಳ್ಕೊಂಡಿದ್ವಿ, ಹೆಸರು ಬೇಡ, ನಿಮ್ಮ ಫೋಟೋಲಿ ಇದ್ದದ್ದಕ್ಕೂ ಅದಕ್ಕೂ ಅಂಥಾ ವ್ಯತ್ಯಾಸ ಏನಿಲ್ಲ. ನನ್ನ ತಕರಾರು ಒಂದೇ. ಇಂಥ ಹೋಟೆಲಲ್ಲಿ ಕೊಟ್ಟ ದುಡ್ಡಿಗೆ ನಿಜವಾಗಿ ಬೆಲೆ ಸಿಗೋದು ನೆಲದ ಕೆಳಗಿರೋ, ಸ್ಕೀ ಬೂಟು ಎಲ್ಲಾ ಇಡೋ ಸ್ಕೀ ರೂಮಲ್ಲಿ, ಅದನ್ನ ನಡೆಸೋ ಜನರ ಕೈಯಲ್ಲಿ, ನಿಮ್ಮ ಲೇಖಕರು ಅಲ್ಲಿಗೆ ಇಳಿದೇ ಇಲ್ಲ.

ಮೊದಲು ಬೆಟ್ಟದ ವಿಷಯ ಹೇಳಿಬಿಡ್ತೀನಿ, ಯಾಕಂದ್ರೆ ದುಡ್ಡು ನೀರಿನ ಥರ ಹೋಗೋದು ಇಲ್ಲೇ. ಆಸ್ಪೆನ್ನಲ್ಲಿ ಸ್ಕೀ ಬೆಟ್ಟಗಳು ನಾಲ್ಕು. ಊರಿಗೆ ಅಂಟ್ಕೊಂಡಿರೋದು ಆಸ್ಪೆನ್ ಮೌಂಟನ್, ಅಲ್ಲಿಯವರು ಏಜಾಕ್ಸ್ ಅಂತಾರೆ, ಇನ್ನು ಹೈಲ್ಯಾಂಡ್ಸ್, ಬಟರ್‌ಮಿಲ್ಕ್, ಸ್ನೋಮಾಸ್ ಸ್ವಲ್ಪ ಸ್ವಲ್ಪ ದೂರದಲ್ಲಿವೆ, ಒಂದೇ ಟಿಕೆಟ್ ನಾಲ್ಕಕ್ಕೂ ನಡೆಯತ್ತೆ. ಹೆಸರುವಾಸಿ ಹೋಟೆಲುಗಳು ಬಹಳಷ್ಟು ಮುತ್ತಿಕೊಂಡಿರೋದು ಏಜಾಕ್ಸ್ ಬುಡದಲ್ಲಿ, ಸಿಲ್ವರ್ ಕ್ವೀನ್ ಗೊಂಡೋಲಾ (ತಂತಿ ಮೇಲೆ ಬೆಟ್ಟ ಏರೋ ತೊಟ್ಟಿಲು) ಹತ್ತೋ ಜಾಗದ ಸುತ್ತಮುತ್ತ. ಗೊಂಡೋಲಾಗೆ ಎರಡೇ ಹೆಜ್ಜೆ ಅಂತ ನಿಮ್ಮ ಲೇಖನದಲ್ಲೂ ಹೊಗಳಿದೀರಿ. ಸರಿ, ಆದ್ರೆ ಆ ಬೆಟ್ಟದಲ್ಲಿ ಹೊಸಬರಿಗೆ ಅಂತ ಒಂದೇ ಒಂದು ರನ್ (ಜಾರೋ ದಾರಿ) ಇಲ್ಲ. ಸ್ಕೀ ಮ್ಯಾಪಲ್ಲಿ ಹಸಿರು ಗುರುತು ಅಂದ್ರೆ ಕಲಿಯೋರಿಗೆ, ನೀಲಿ ಅಂದ್ರೆ ಒಂದು ಮಟ್ಟಕ್ಕೆ ಬರೋರಿಗೆ, ಕಪ್ಪು ವಜ್ರ ಅಂದ್ರೆ ಪಳಗಿದವರಿಗೆ. ಏಜಾಕ್ಸ್ ಮ್ಯಾಪಲ್ಲಿ ಹಸಿರೇ ಕಾಣಲ್ಲ. ಗೊಂಡೋಲಾ ನಿಮ್ಮನ್ನ 11,212 ಅಡಿ ಎತ್ತರಕ್ಕೆ ಕರ್ಕೊಂಡು ಹೋಗಿ ಬಿಡತ್ತೆ, ವಾಪಸ್ ಅದೇ ಗೊಂಡೋಲಾದಲ್ಲಿ ಕೂತು ಇಳಿಯೋ ಮನಸ್ಸಿಲ್ಲದಿದ್ರೆ 3,267 ಅಡಿ ಇಳಿಜಾರು ನಿಮ್ಮ ಕಾಲ ಮೇಲೆ ಬರಬೇಕು.

ಅಳಿಯನಿಗೆ ಇದೆಲ್ಲ ಗೊತ್ತಿತ್ತು, ಹಾಗಾಗಿ ಮೊಮ್ಮಕ್ಕಳನ್ನ ದಿನಾ ಬೆಳಗ್ಗೆ ಬಸ್ಸಲ್ಲಿ ಬಟರ್‌ಮಿಲ್ಕಿಗೆ ಕರ್ಕೊಂಡು ಹೋಗ್ತಿದ್ದ. ಬೆಟ್ಟಗಳ ನಡುವೆ ಓಡಾಡೋ ಬಸ್ಸು ಪೂರ್ತಿ ಫ್ರೀ, ಅದೊಂದು ಮೆಚ್ಚಬೇಕು. ಬಸ್ ಸ್ಟಾಪಲ್ಲಿ ನೋಡಿದ್ರೆ ನಮ್ಮ ಹೋಟೆಲಿನ ಅರ್ಧ ಜನ ಅಲ್ಲೇ ನಿಂತಿದ್ರು, ಗೊಂಡೋಲಾ ಪಕ್ಕದ ರೂಮಿಗೆ ಅಷ್ಟೊಂದು ಸುರಿದು ಅದೇ ಗೊಂಡೋಲಾಗೆ ಬೆನ್ನು ಹಾಕ್ಕೊಂಡು, ಮಕ್ಕಳ ಸ್ಕೀ ಹೆಗಲ ಮೇಲೆ ಹೊತ್ಕೊಂಡು. ಬಟರ್‌ಮಿಲ್ಕ್ ನೋಡೋಕೆ ಸಾಧು ಬೆಟ್ಟ, ಆದ್ರೆ 2002ರಿಂದ ವಿಂಟರ್ ಎಕ್ಸ್ ಗೇಮ್ಸ್ ಅನ್ನೋ ಹಿಮದ ಸಾಹಸ ಕ್ರೀಡಾಕೂಟ ನಡೀತಿರೋದು ಅಲ್ಲೇ. ಒಂದು ಕಡೆ ಘಟಾನುಘಟಿಗಳು ಗಾಳೀಲಿ ಪಲ್ಟಿ ಹೊಡೆಯೋ ರ‍್ಯಾಂಪುಗಳು, ಇನ್ನೊಂದು ಕಡೆ ಪುಟ್ಟ ಮಕ್ಕಳು ಸ್ಕೀ ತುದಿ ಎರಡೂ ಸೇರಿಸಿ ನಿಧಾನಕ್ಕೆ ಜಾರ್ತಾ, ಸ್ಕೀನ ಪಿಜ್ಜಾ ತುಂಡಿನ ಆಕಾರಕ್ಕೆ ಇಡ್ಲಿ ಅಂತ ಹಿಂದಿಂದ ಮೇಷ್ಟ್ರು ಪಿಜ್ಜಾ ಪಿಜ್ಜಾ ಅಂತ ಕೂಗ್ತಾ. ಮೊದಲ ಸಲ ಹೋಗೋ ಕುಟುಂಬಕ್ಕೆ ಸ್ನೋಮಾಸ್ ಕಡೆ ಉಳ್ಕೊಳ್ಳೋದು ಎಷ್ಟೋ ವಾಸಿ, ಅಲ್ಲಿ ರೂಮಿನ ಬಾಗಿಲಾಚೆಗೇ ಹಿಮಕ್ಕೆ ಕಾಲಿಡೋ ಹೋಟೆಲುಗಳು ಬೇಕಾದಷ್ಟಿವೆ, ಸುಲಭದ ರನ್‌ಗಳೂ ಇವೆ. ಇಂಥದೊಂದು ಸಾಲು ನಿಮ್ಮ ಲೇಖನದಲ್ಲಿದ್ದಿದ್ರೆ ಓದುಗರ ಎಷ್ಟು ಡಾಲರ್ ಉಳೀತಿತ್ತು!

ಈಗ ಸ್ಕೀ ರೂಮು. ನಮ್ಮ ಹೋಟೆಲ್ ಲಾಬೀಲಿ ಕೂತ್ರೆ ಸೊಂಟ ಹಿಡ್ಕೊಳ್ಳೋ ಕುರ್ಚಿಗಳು, ಫೋಟೋಗೆ ಮಾತ್ರ ಲಾಯಕ್ಕು. ಬೇಸ್‌ಮೆಂಟಿಗೆ ಇಳಿದ್ರೆ ಬೇರೇನೇ ಲೋಕ. ಗೋಡೆ ಉದ್ದಕ್ಕೂ ಕೊಳವೆ ಥರದ ಗೂಟಗಳು, ಒಳಗಿಂದ ಬಿಸಿಗಾಳಿ ಬರತ್ತೆ, ಅದರ ಮೇಲೆ ಬೂಟುಗಳನ್ನ ಬೋರಲಾಗಿ ನೇತು ಹಾಕಿರ್ತಾರೆ. ಸ್ಕೀ ಬೂಟು ಅಂದ್ರೆ ಗಟ್ಟಿ ಪ್ಲಾಸ್ಟಿಕ್ ಚಿಪ್ಪು, ರಾತ್ರಿ ಕಾರಲ್ಲೇ ಬಿಟ್ಟು ಬೆಳಗ್ಗೆ ಹಾಕ್ಕೊಳ್ಳೋಕೆ ಹೋಗಿ ನೋಡಿ, ಚಳಿಗೆ ಸೆಟೆದು ಕಲ್ಲಾಗಿರತ್ತೆ, ಕಾಲು ಒಳಗೇ ಹೋಗಲ್ಲ, ಹೋದ್ರೂ ಒಳಗಿನ ಒದ್ದೆ ಲೈನರ್ ಅರ್ಧ ಗಂಟೇಲಿ ಬೆರಳು ಮರಗಟ್ಟಿಸತ್ತೆ. ಬಿಸಿ ಬೂಟು ಒಣಗಿ ಕೈಗೆ ಸಿಗೋದಿದೆಯಲ್ಲ, ಆ ಇಡೀ ಹೋಟೆಲಲ್ಲಿ ಅದಕ್ಕಿಂತ ದೊಡ್ಡ ಸುಖ ನನಗಂತೂ ಕಾಣಲಿಲ್ಲ.

ಅಲ್ಲಿದ್ದ ಹುಡುಗ ಪೆರು ದೇಶದವನು, ಕಾಲೇಜು ಓದ್ತಿದ್ದಾನಂತೆ. ಅವರ ಕಡೆ ಡಿಸೆಂಬರಿಂದ ಬೇಸಿಗೆ ರಜೆ ಆದ್ದರಿಂದ ಜೆ-1 ವೀಸಾ ತಗೊಂಡು ಅಮೆರಿಕದ ಸ್ಕೀ ಊರುಗಳಿಗೆ ಕೆಲಸಕ್ಕೆ ಬರ್ತಾರೆ, ಅರ್ಜೆಂಟೀನಾ ಚಿಲಿ ಕಡೆಯವರೂ ಹಂಗೇ. ಮೊಮ್ಮಗಳು ಕಾಲು ನೋವು ಅಂತ ಮುಖ ಊದಿಸ್ಕೊಂಡಿದ್ಲು. ಅವನು ನೆಲದ ಮೇಲೆ ಮಂಡಿಯೂರಿ ಕೂತು ನಾಲ್ಕೂ ಬಕಲ್ ಬಿಚ್ಚಿ, ಬೂಟು ಕಿತ್ತು, ಒಳಗೆ ಕೈಯಾಡಿಸಿ ನೋಡ್ದ. ಥರ್ಮಲ್ ಪ್ಯಾಂಟಿನ ತುದೀನ ಬೂಟಿನೊಳಕ್ಕೆ ತುರುಕಿದ್ರು, ಅದ್ರ ಮೇಲೆ ಎರಡು ಜೊತೆ ಸಾಕ್ಸು ಬೇರೆ, ಚಳಿ ಅಂತ ಅವಳಮ್ಮ ಹಾಕಿದ್ದು. ಪ್ಯಾಂಟನ್ನ ಮೊಣಕಾಲವರೆಗೆ ಎಳೆದು, ಸಾಕ್ಸು ಒಂದೇ ಬಿಟ್ಟು, ಅದರ ಸುಕ್ಕು ಬೆರಳಲ್ಲಿ ಸವರಿ ಸವರಿ ತೆಗೆದು, ಹಿಮ್ಮಡಿ ಹಿಂದಕ್ಕೆ ಕೂರೋ ಹಂಗೆ ಬೂಟನ್ನ ನೆಲಕ್ಕೆ ಕುಟ್ಟಿ, ಆಮೇಲೆ ಕಣಕಾಲ ಹತ್ರದ ಬಕಲ್ ಮೊದಲು ಹಾಕಿ ಮಿಕ್ಕಿದ್ದನ್ನ ಬಿಗಿ ಮಾಡ್ದ. ಒಂದು ಮಡಿಕೆ ಸಿಕ್ಕಿಹಾಕ್ಕೊಂಡ್ರೂ ಮಧ್ಯಾಹ್ನದೊಳಗೆ ಕಾಲಿನ ಮುಂದಿನ ಮೂಳೆ ಮೇಲೆ ಬರೆ ಬೀಳತ್ತಂತೆ, ಜೊತೆಗೆ ಸಾಕ್ಸು ದಪ್ಪ ಆದಷ್ಟೂ ರಕ್ತ ಓಡಾಟ ಕಮ್ಮಿಯಾಗಿ ಕಾಲು ಇನ್ನೂ ತಣ್ಣಗಾಗತ್ತಂತೆ. ಐದು ನಿಮಿಷದ ಕೆಲಸ. ಅವತ್ತು ಹುಡುಗಿ ಸಂಜೆ ಬೆಟ್ಟ ಹತ್ತಿಸೋ ಲಿಫ್ಟ್ ನಿಲ್ಲಿಸೋವರೆಗೂ ಬೆಟ್ಟ ಬಿಟ್ಟು ಬರಲಿಲ್ಲ. ಇಂಥವರಿಗೆ ಕೈತುಂಬ ಟಿಪ್ಸ್ ಕೊಡಿ ಅಂತ ಬರೀರಿ ಸಾರ್, ಕಾರ್ ಪಾರ್ಕ್ ಮಾಡೋನಿಗೆ ಕೊಡೋರು ಕೆಳಗಿರೋನನ್ನ ಮರೀತಾರೆ.

ಹೋಟೆಲಲ್ಲಿ ದುಡಿಯೋ ಮಿಕ್ಕ ಜನ ಎಲ್ಲಿರ್ತಾರೆ ಅಂತ ಕೇಳಿದ್ರೆ ತಲೆ ತಿರುಗತ್ತೆ. ರೂಮ್ ಕ್ಲೀನ್ ಮಾಡೋಕೆ ಬರ್ತಿದ್ದ ಹೆಂಗಸು ಗ್ಲೆನ್‌ವುಡ್ ಸ್ಪ್ರಿಂಗ್ಸಿಂದ ಬರೋದು, ಅದು ಕಣಿವೇಲಿ ಕೆಳಗೆ ಸುಮಾರು 65 ಕಿಲೋಮೀಟರ್, ಅದಕ್ಕಿಂತಲೂ ದೂರದ ರೈಫಲ್ ಕಡೆಯಿಂದ ಬರೋರೂ ಇದಾರೆ. ಬೆಳಗ್ಗೆ ಕತ್ತಲಲ್ಲೇ 82ನೇ ಹೈವೇಲಿ ಕಾರು ಬಸ್ಸು ಎಲ್ಲಾ ಆಸ್ಪೆನ್ ಕಡೆ, ಸಂಜೆ ಆದ್ರೆ ಎಲ್ಲಾ ವಾಪಸ್. ಈ ಜನರಿಗೋಸ್ಕರಾನೇ ಅಂತ ಹೇಳಬಹುದು, 2013ರಲ್ಲಿ ಅಲ್ಲಿ ಬಸ್ ರ‍್ಯಾಪಿಡ್ ಟ್ರಾನ್ಸಿಟ್ (ಬಿಆರ್‌ಟಿ) ಅನ್ನೋ ಬೇಗ ಓಡೋ ಬಸ್ ಸೇವೆ ಶುರು ಮಾಡಿದ್ರು, ಅಮೆರಿಕದ ಹಳ್ಳಿಗಾಡಲ್ಲಿ ಬಂದ ಮೊದಲನೇ ಬಿಆರ್‌ಟಿ ಅದೇ. ಊರಿನವರು ಕೈಕಟ್ಟಿ ಕೂತಿಲ್ಲ, ಅದನ್ನೂ ಹೇಳಬೇಕು. ಆಸ್ಪೆನ್-ಪಿಟ್ಕಿನ್ ಕೌಂಟಿ (ಕೌಂಟಿ ಅಂದ್ರೆ ನಮ್ಮ ಜಿಲ್ಲೆ ಥರ) ಹೌಸಿಂಗ್ ಅಥಾರಿಟಿ ಅಂತಿದೆ, ಅದರ ಕೈಕೆಳಗೆ ಸುಮಾರು 3,000 ಮನೆಗಳಿವೆ, ಬಾಡಿಗೆಗೋ ಮಾರಾಟಕ್ಕೋ ಮಾರ್ಕೆಟ್ ರೇಟಿಗಿಂತ ಎಷ್ಟೋ ಕಡಿಮೆಗೆ. ಅವು ಬೇಕಾದ್ರೆ ಆ ಕೌಂಟೀಲೇ ವರ್ಷಕ್ಕೆ ಕನಿಷ್ಠ 1,500 ಗಂಟೆ ಕೆಲಸ ಮಾಡಬೇಕು, ಆದಾಯಕ್ಕೆ ಮಿತಿ ಇದೆ, ಮಾರಾಟದ ಮನೆಗಳನ್ನ ಲಾಟರಿ ಎತ್ತಿ ಕೊಡ್ತಾರೆ. ಊರಲ್ಲಿ ಮನೆ ಕೈ ಬದಲಾದಾಗ್ಲೆಲ್ಲ ಬೆಲೆಯ ಒಂದು ಪರ್ಸೆಂಟ್ ಟ್ಯಾಕ್ಸ್ ಇದಕ್ಕೇ ಹೋಗತ್ತೆ. ಇಷ್ಟಿದ್ರೂ ಸಾಲ್ತಿಲ್ಲ, ಕಾಯೋರ ಸಾಲು ಕರಗ್ತಿಲ್ಲ.

ಇದರ ಮಧ್ಯೆ ನಮ್ಮ ಹೋಟೆಲ್ ಬಾರಿನ ಗೋಡೆ ಮೇಲೆ ಗಣಿ ಕೆಲಸದವರ ಹಳೇ ಲಾಟೀನು, ಪಿಕಾಸಿ ತೂಗುಹಾಕಿದ್ರು, ಡೆಕೋರೇಷನ್ನಿಗೆ! ಆಸ್ಪೆನ್ ಹುಟ್ಟಿದ್ದೇ ಬೆಳ್ಳಿ ಗಣಿಯಿಂದ, 1889ರಲ್ಲೇ ಹೋಟೆಲ್ ಜೆರೋಮ್ ಅಂತ ದೊಡ್ಡ ಹೋಟೆಲು ಎದ್ದಿತ್ತು, ಈಗ್ಲೂ ನಡೀತಿದೆ, ಹಾಗಾಗಿ ಈ ಊರಿಗೆ ಐಷಾರಾಮಿ ಹೋಟೆಲು ಹೊಸ ಟ್ರೆಂಡ್ ಅಂತ ನೀವು ಬರೆದದ್ದು ಅಷ್ಟು ಸರಿಯಿಲ್ಲ. 1893ರಲ್ಲಿ ಅಮೆರಿಕ ಸರ್ಕಾರ ಬೆಳ್ಳಿ ಕೊಳ್ಳೋದನ್ನ ನಿಲ್ಲಿಸಿದ ಮೇಲೆ ಊರು ಮಕಾಡೆ ಬಿತ್ತು. ಎರಡನೇ ಮಹಾಯುದ್ಧ ಮುಗಿಯೋ ಹೊತ್ತಿಗೆ ಶಿಕಾಗೋದ ಉದ್ಯಮಿ ವಾಲ್ಟರ್ ಪೆಪ್ಕೆ ಬಂದು ದುಡ್ಡು ಹಾಕಿದ್ದು, 1947ರಲ್ಲಿ ಮೊದಲ ಚೇರ್ ಲಿಫ್ಟ್ ಉದ್ಘಾಟನೆ ಆಗಿದ್ದು, 1950ರಲ್ಲಿ ವಿಶ್ವ ಸ್ಕೀ ಚಾಂಪಿಯನ್‌ಶಿಪ್ ಅಲ್ಲೇ ನಡೆದದ್ದು, ಆಮೇಲಿನ ಕಥೆ ಎಲ್ಲರಿಗೂ ಗೊತ್ತಿರೋದೇ. ಅಂದಿನ ಗಣಿ ಕೆಲಸದವನು ಊರೊಳಗೇ ಮಲಗ್ತಿದ್ದ, ಅವನ ಲಾಟೀನಿನ ಕೆಳಗೆ ಇವತ್ತು ಗ್ಲಾಸು ಒರೆಸೋನಿಗೆ ಆ ಊರಲ್ಲಿ ಹಾಸಿಗೆ ಇಲ್ಲ.

ದುಡ್ಡಿನ ಬಗ್ಗೆ ನಿಮ್ಮ ಲೇಖನದಲ್ಲಿ ದುಬಾರಿ ಅಂತ ಒಂದೇ ಪದ ಇದೆ. ಕ್ರಿಸ್‌ಮಸ್ ವಾರದಲ್ಲಿ ಇಂಥ ಹೋಟೆಲಲ್ಲಿ ಒಂದು ರಾತ್ರಿಗೆ 1,000 ಡಾಲರ್ ದಾಟೋದು ಮಾಮೂಲಿ, ಸೀಸನ್ನಲ್ಲಿ ಕೌಂಟರಲ್ಲಿ ಕೊಳ್ಳೋ ಒಂದು ದಿನದ ಲಿಫ್ಟ್ ಟಿಕೆಟ್ಟೇ 200 ಡಾಲರ್ ಮೇಲೆ. ಮೊದಲೆಲ್ಲ ರೂಮ್ ರೇಟ್ ಒಂದು ತೋರಿಸಿ ಕೊನೇಲಿ ರೆಸಾರ್ಟ್ ಫೀ ಅಂತ ಇನ್ನೊಂದು ಸೇರಿಸ್ತಿದ್ರು. 2025ರ ಮೇ 12ರಿಂದ ಅಮೆರಿಕದ ಫೆಡರಲ್ ಟ್ರೇಡ್ ಕಮಿಷನ್ನಿನ ನಿಯಮ ಬಂದು, ಕಡ್ಡಾಯ ಫೀಗಳನ್ನೆಲ್ಲ ಸೇರಿಸಿದ ಒಟ್ಟು ಬೆಲೇನೇ ಮೊದಲು ತೋರಿಸಬೇಕು ಅಂತಾಗಿದೆ. ಆದ್ರೆ ಸರ್ಕಾರದ ಟ್ಯಾಕ್ಸ್ ಅದ್ರಲ್ಲಿ ಸೇರಬೇಕಂತಿಲ್ಲ, ಬೇಕಾದ್ರೆ ತಗೊಳ್ಳಿ ಅನ್ನೋ ಥರದ ಖರ್ಚುಗಳೂ ಸೇರಲ್ಲ. ನಮಗೆ ಬರೆ ಬಿದ್ದದ್ದು ಹೋಟೆಲಿನವರೇ ಕಾರು ನಿಲ್ಲಿಸಿಕೊಡೋ ವ್ಯಾಲೆ ಪಾರ್ಕಿಂಗಿಂದ. ಕಾರಲ್ಲಿ ಹೋಗಿದೀವಿ, ನಾವೇ ಕಾರು ನಿಲ್ಲಿಸೋಕೆ ಹೋಟೆಲಲ್ಲಿ ಜಾಗ ಬೇರೆ ಇಲ್ಲ, ಇದು ಬೇಕಾದ್ರೆ ತಗೊಳ್ಳೋ ಖರ್ಚು ಅಂತೆ! ರೂಮ್ ಬುಕ್ ಮಾಡೋ ಮುಂಚೆ ಫೋನ್ ಹಚ್ಚಿ ಪಾರ್ಕಿಂಗ್ ಎಷ್ಟು, ಸ್ಕೀ ಇಡೋಕೆ ಬೇರೆ ಚಾರ್ಜಿದೆಯಾ, ಬೂಟ್ ಒಣಗಿಸೋ ವ್ಯವಸ್ಥೆ ಇದೆಯಾ ಅಂತ ಕೇಳೋದು ಒಳ್ಳೇದು.

ಟೆರೇಸಿನ ಬಿಸಿನೀರಿನ ಪೂಲಲ್ಲಿ ಶಾಂಪೇನ್ ಹೀರ್ತಾ ಸೂರ್ಯಾಸ್ತ ನೋಡಿ ಅಂತ ಬರೆದಿದೀರಿ. ಊರೇ ಸುಮಾರು 7,900 ಅಡಿ ಎತ್ತರದಲ್ಲಿದೆ, ಗಾಳಿ ತೆಳು, ಒಣ ಬೇರೆ. ಬಂದಿಳಿದ ದಿನಾನೇ ಬಿಸಿನೀರು ಮತ್ತೆ ಶಾಂಪೇನು ಎರಡೂ ಒಟ್ಟಿಗೆ ಅಂದ್ರೆ ರಾತ್ರಿಯೆಲ್ಲ ತಲೆ ಸಿಡಿಯೋದು ಗ್ಯಾರಂಟಿ. ನಮ್ಮ ಮನೆಯವರು ಹನಿ ಮುಟ್ಟದೇನೇ ಮೊದಲ ರಾತ್ರಿ ನಿದ್ದೆ ಬರದೆ ಒದ್ದಾಡಿದ್ರು, ಬೆಳಗ್ಗೆ ಮೂಗೊಳಗೆ ರಕ್ತ ಹೆಪ್ಪುಗಟ್ಟಿತ್ತು. ಕೆಳಗೆ ಫೋನ್ ಮಾಡಿದ ಮೇಲೆ ರೂಮಿನ ಗಾಳಿಗೆ ತೇವ ಕೊಡೋ ಹ್ಯುಮಿಡಿಫೈಯರ್ ತಂದಿಟ್ರು, ಕೇಳಿದ್ರೆ ಕೊಡ್ತಾರೆ, ಕೇಳಬೇಕು ಅಷ್ಟೇ. ನೀರು ಕುಡೀತಾನೇ ಇರಬೇಕು. ಇನ್ನು ಆ ಪೂಲಿನ ಬಗ್ಗೆ ಒಂದು ಒಳ್ಳೇ ಮಾತು, ಅಳಿಯ ಹೇಳಿದ್ದು. ಆಸ್ಪೆನ್ ಮತ್ತು ಪಿಟ್ಕಿನ್ ಕೌಂಟೀಲಿ 2000ನೇ ಇಸವಿಯಿಂದ ಒಂದು ಕಾನೂನಿದೆ, ಹೊರಗಡೆ ಬಿಸಿನೀರಿನ ಪೂಲೋ ಹಿಮ ಕರಗಿಸೋ ಬಿಸಿ ನೆಲವೋ ಹಾಕಿಸೋರು ಸೋಲಾರ್ ಥರದ್ದು ಹಾಕಿಸಿ ಅದನ್ನ ಸರಿದೂಗಿಸಬೇಕು, ಇಲ್ಲಾಂದ್ರೆ ಫೀ ಕಟ್ಟಬೇಕು, ಆ ದುಡ್ಡು ಕರೆಂಟು ಗ್ಯಾಸು ಉಳಿಸೋ ಕೆಲಸಗಳಿಗೆ ಹೋಗತ್ತೆ. ಪೂಲಿನ ಫೋಟೋ ಅರ್ಧ ಪುಟ ಹಾಕಿದ್ರಲ್ಲ, ಅದರ ಕೆಳಗೆ ಇದಕ್ಕೆ ಎರಡು ಲೈನ್ ಜಾಗ ಇತ್ತು.

ಊಟದ ಬಗ್ಗೆ ಜಾಸ್ತಿ ಹೇಳಲ್ಲ. ಸಸ್ಯಾಹಾರಿಗಳಿಗೆ ಟ್ರಫಲ್ ಫ್ರೈಸೇ ಗತಿ, ರೇಟು ಕೇಳಿದ ಮೇಲೆ ಅದೂ ಬೇಡ ಅನ್ಸತ್ತೆ.

ವಿಮಾನದಲ್ಲಿ ಹೋಗೋರಿಗೆ ಒಂದು ಮಾತು, ಆಸ್ಪೆನ್ ಏರ್‌ಪೋರ್ಟ್ ಸುತ್ತ ಬೆಟ್ಟ, ರನ್‌ವೇ ಒಂದೇ, ಹಿಮ ಜೋರಾದ್ರೆ ಫ್ಲೈಟ್ ಕ್ಯಾನ್ಸಲ್ ಆಗೋದು ಇಲ್ಲಾ ಬೇರೆ ಕಡೆ ಇಳಿಸೋದು ಸರ್ವೇಸಾಮಾನ್ಯ, ಹೋಟೆಲಿನ ಕ್ಯಾನ್ಸಲೇಷನ್ ನಿಯಮ ಓದಿಕೊಂಡೇ ದುಡ್ಡು ಕಟ್ಟಿ. ಡೆನ್ವರಿಂದ ಕಾರಲ್ಲಾದ್ರೆ ಹಿಮ ಇಲ್ಲದ ದಿನ ನಾಲ್ಕು ಗಂಟೆ ಹತ್ರ ಆಗತ್ತೆ, ಐ-70 ಹೈವೇ ಹಿಡಿದು ಐಸೆನ್‌ಹೋವರ್ ಸುರಂಗ ದಾಟಿ ಗ್ಲೆನ್‌ವುಡ್ ಮೇಲೆ ಹೋಗಬೇಕು. ಮ್ಯಾಪಲ್ಲಿ ಇಂಡಿಪೆಂಡೆನ್ಸ್ ಪಾಸ್ ಅನ್ನೋ ಘಟ್ಟದ ರಸ್ತೆ ಹತ್ತಿರದ ದಾರಿ ಥರ ಕಾಣತ್ತೆ, ಚಳಿಗಾಲ ಪೂರ್ತಿ ಅದು ಬಂದ್. ಸೆಪ್ಟೆಂಬರಿಂದ ಮೇ ಕೊನೇವರೆಗೆ ಐ-70 ಬೆಟ್ಟದ ರಸ್ತೇಲಿ ಟೈರು ಸರಿಯಾದ್ದು ಇಲ್ಲದಿದ್ರೆ ಫೈನ್ ಹಾಕ್ತಾರೆ, ಬಾಡಿಗೆ ಕಾರ್ ತಗೊಳ್ಳೋರು ಟೈರ್ ನೋಡಿಯೇ ಕೀ ಇಸ್ಕೊಳ್ಳಿ.

ಪತ್ರ ಉದ್ದ ಆಯ್ತು ಅಂತ ಗೊತ್ತು. ಕತ್ತರಿ ಹಾಕೋದಾದ್ರೆ ಇತಿಹಾಸದ ಭಾಗಕ್ಕೆ ಹಾಕಿ, ಬೂಟು ಮತ್ತೆ ಬಸ್ಸಿನದ್ದು ಹಂಗೇ ಇರ್ಲಿ.

ಇಂತಿ,
ನಿಮ್ಮ ಪುರವಣಿಯ ಹಳೇ ಓದುಗ