ಮಾನ್ಯ ಸಚಿವರೇ, ಹಾಡಿದ್ದಕ್ಕೆ ಪುರಾವೆ ಎಲ್ಲಿಂದ ತರಲಿ?

ಮಾನ್ಯ ಸಚಿವರಿಗೆ, ಬಳ್ಳಾರಿಯಿಂದ ಕಂಪನಿ ನಾಟಕದ ಹಳೇ ನಟಿಯೊಬ್ಬಳ ನಮಸ್ಕಾರಗಳು.

ಸಾಹೇಬ್ರೇ, ವಯಸ್ಸಾದ ಬಡ ಕಲಾವಿದರಿಗೆ ಸರ್ಕಾರ ಕೊಡುವ ಮಾಸಾಶನಕ್ಕೆ ಅರ್ಜಿ ಹಾಕಿ ನಾಲ್ಕು ವರ್ಷ ಆಯ್ತು. ನಿಯಮ ನಿಮಗೆ ಗೊತ್ತೇ ಇದೆ, ನಾನು ಹೇಳಬೇಕಾಗಿಲ್ಲ. ನನಗೆ ಈಗ 71. ಆದಾಯದ ಪತ್ರ ಇದೆ, ಪಡಿತರ ಚೀಟಿ ಇದೆ, ಬ್ಯಾಂಕ್ ಪಾಸ್‌ಬುಕ್ ಇದೆ. ಇಲ್ಲದೇ ಇರುವುದು ಒಂದೇ. 38 ವರ್ಷ ರಂಗದ ಮೇಲೆ ಹಾಡಿದ್ದಕ್ಕೆ ಕಾಗದದ ಪುರಾವೆ. ಅದಕ್ಕೇ ಮೂರು ಸಲ ಹಿಂಬರಹ ಕೊಟ್ಟು ವಾಪಸ್ ಕಳಿಸಿದ್ದಾರೆ. ಇನ್ನು ಆ ಕಚೇರಿಯ ಮೆಟ್ಟಿಲು ಹತ್ತಲು ಮಂಡಿ ಒಪ್ಪುವುದಿಲ್ಲ. ಹಾಗಾಗಿ ಎಲ್ಲರೂ ಓದಲಿ ಅಂತ ಬರೆಯುತ್ತಿದ್ದೇನೆ.

ಊರೂರು ತಿರುಗುವ ನಾಟಕ ಕಂಪನಿ ನಾನು ಸೇರಿದ್ದು 14ನೇ ವಯಸ್ಸಿಗೆ. ಮನೆಯಲ್ಲಿ ಉಣ್ಣುವ ಬಾಯಿ ಜಾಸ್ತಿ, ದುಡಿಯುವ ಕೈ ಕಮ್ಮಿ. ಮೊದಲು ಸಖಿಯರ ಸಾಲಿನಲ್ಲಿ ಕೊನೆಯವಳು. ತಗಡಿನ ಥೇಟರಿನಲ್ಲಿ ಬೆಳಗಿನ ಜಾವ ಹಾರ್ಮೋನಿಯಂ ಮಾಸ್ತರರು ಕೂರಿಸಿಕೊಂಡು ಹೇಳಿಕೊಡುತ್ತಿದ್ದರು. ಹಾರ್ಮೋನಿಯಂನ ನಾಲ್ಕನೇ ಕಪ್ಪು ಮನೆಯ ಎತ್ತರದ ಶ್ರುತಿ. ಕೊನೇ ಬೆಂಚಿನವನಿಗೆ ಒಂದು ಅಕ್ಷರ ಕೇಳಿಸದಿದ್ದರೂ ನಮಗೆ ಬೆತ್ತ ಬೀಳುತ್ತಿತ್ತು. ಬಾದಾಮಿಯ ಬನಶಂಕರಿ ಜಾತ್ರೆಯಲ್ಲಂತೂ ಒಂದರ ಪಕ್ಕ ಒಂದು ಕಂಪನಿ. ಆ ಕಡೆಯ ತಬಲಾ ಈ ಕಡೆ ಕೇಳಿಸುತ್ತಿತ್ತು. ಅದರ ಮೇಲೆ ನಮ್ಮ ಹಾಡು ಏರಬೇಕು. ಜ್ವರ ಬಂದರೂ ಮೂರು ಆಟ ತಪ್ಪುತ್ತಿರಲಿಲ್ಲ.

ಕಂಪನಿ ಮುಚ್ಚಿದ ಮೇಲೆ ಹಳ್ಳಿ ನಾಟಕಗಳು. ಸಿರುಗುಪ್ಪ, ಸಿಂಧನೂರು, ಕುಷ್ಟಗಿ ಸುತ್ತಮುತ್ತ ಜಾತ್ರೆ ಇದ್ದಲ್ಲೆಲ್ಲ ಹೋಗಿದ್ದೇನೆ. ಊರ ಹುಡುಗರು ಮೂರು ತಿಂಗಳು ತಾಲೀಮು ಮಾಡಿರುತ್ತಿದ್ದರು. ನಾವು ಹೆಣ್ಣುಮಕ್ಕಳು ಸಂಜೆ ಬಸ್ಸಿಗೆ ಇಳಿದು, ಬಣ್ಣ ಹಚ್ಚಿಕೊಂಡು, ಬೆಳಗಿನ ತನಕ ದ್ರೌಪದಿ ಆಗಿ, ಮತ್ತೆ ಮೊದಲ ಬಸ್ಸಿಗೆ ವಾಪಸ್. ಒಂದು ನೈಟಿಗೆ ಇಷ್ಟು ಅಂತ ಕೈಗೆ ಕೊಡುತ್ತಿದ್ದರು. ಯಾರೂ ಚೀಟಿ ಬರೆದುಕೊಟ್ಟವರಿಲ್ಲ.

ದ್ರೌಪದಿ ಅಂದಾಗ ದೊಡ್ಡ ರಂಗನಟಿ ಸುಭದ್ರಮ್ಮ ಮನ್ಸೂರರನ್ನು ನೆನೆಯದೆ ಹೇಗಿರಲಿ? ಕಂದಗಲ್ ಹನುಮಂತರಾಯರ ‘ರಕ್ತರಾತ್ರಿ’ ನಾಟಕದಲ್ಲಿ ಅವರ ದ್ರೌಪದಿ ನೋಡಿದವರು ಇನ್ನೊಬ್ಬರ ದ್ರೌಪದಿಯನ್ನು ಸುಲಭಕ್ಕೆ ಒಪ್ಪುತ್ತಿರಲಿಲ್ಲ. ಮಲಗಿದ್ದ ಮಕ್ಕಳನ್ನು ಅಶ್ವತ್ಥಾಮ ಕೊಂದು ಹೋದ ಮೇಲಿನ ಆ ಅಳು. ನಾನು ಸೈಡ್ ವಿಂಗಿನಲ್ಲಿ ನಿಂತು ನೋಡಿದ್ದೇನೆ. ಅವರು ಅಳುತ್ತಲೇ ಹಾಡುತ್ತಿದ್ದರು, ಆದರೆ ಶ್ರುತಿ ಒಂದು ಕೂದಲೆಳೆಯಷ್ಟೂ ಕದಲುತ್ತಿರಲಿಲ್ಲ. 2020ರ ಜುಲೈ 15ರಂದು ಹೋಗಿಬಿಟ್ಟರು. ಕೊರೊನಾ ಕಾಲ. ಅವರಿಗಾದರೂ ಹೆಸರಿತ್ತು, ನಾಡು ಗುರುತಿಸಿತು. ಅವರ ಹಿಂದೆ ಮುಂದೆ ಹಾಡಿದ ನಮ್ಮಂಥವರು ಎಷ್ಟು ಜನ ಇದ್ದೇವೆ, ಯಾರು ಕೇಳಿದ್ದಾರೆ?

ಈಗ ಮಾಸಾಶನದ ಕಚೇರಿಯಲ್ಲಿ ನಡೆದ ಒಂದು ದಿನದ ಮಾತು. ಹೇಳದೆ ಇರಲು ಆಗುತ್ತಿಲ್ಲ.

ನನ್ನ ಹತ್ತಿರ ಉಳಿದಿರುವುದು ಒಂದೇ ಕರಪತ್ರ. ಗುಲಾಬಿ ಬಣ್ಣದ ಕಾಗದ, ಟ್ರಂಕಿನ ತಳಕ್ಕೆ ಹಾಸಿದ್ದು. ಒಂದು ಮೂಲೆ ಗೆದ್ದಲು ತಿಂದಿದೆ. ಮಿಕ್ಕವೆಲ್ಲ ಮಂಡಕ್ಕಿ ಮಿರ್ಚಿ ಕಟ್ಟಲು ಹೋದವು. ಅದರಲ್ಲಿ ನನ್ನ ಹೆಸರಿದೆ, ಆದರೆ ಕಂಪನಿ ಮಾಲೀಕರು ಇಟ್ಟ ಹೆಸರು. ಆಗ ಅದು ಮಾಮೂಲು. ಆಧಾರ್‌ನಲ್ಲಿ ಅಪ್ಪ ಅವ್ವ ಇಟ್ಟ ಹೆಸರು. ಕಚೇರಿಯ ಗುಮಾಸ್ತರು ಎರಡನ್ನೂ ಪಕ್ಕ ಪಕ್ಕ ಇಟ್ಟು, ‘ಇದು ನೀವೇ ಅಂತ ಏನು ಗ್ಯಾರಂಟಿ? ಎಲ್ಲಿ, ಒಂದು ಹಾಡು ಹೇಳಿ ನೋಡೋಣ’ ಅಂದರು.

ಹಾಡಿದೆ, ಸಾಹೇಬ್ರೇ. ಟೇಬಲ್ಲಿನ ಅಂಚು ಹಿಡಿದು ನಿಂತು, ಪಲ್ಲವಿಯಿಂದ ಕೊನೆಯ ಚರಣದ ತನಕ ಹಾಡಿದೆ. ಒಬ್ಬ ಹುಡುಗ ಮೊಬೈಲ್ ಎತ್ತಿ ವಿಡಿಯೊ ಮಾಡಿಕೊಂಡ. ಇಬ್ಬರು ಬಾಯಿ ಮುಚ್ಚಿಕೊಂಡು ನಕ್ಕರು. ಹಾಡು ಮುಗಿದಾಗ ಗುಮಾಸ್ತರು ಹೇಳಿದ್ದು ಇಷ್ಟೇ: ‘ಚೆನ್ನಾಗಿದೆ ಅಮ್ಮ. ಆದ್ರೆ ಇದನ್ನ ಫೈಲಿಗೆ ಹೆಂಗೆ ಹಾಕೋದು?’

ಹಳ್ಳಿಗಳಲ್ಲಿ ಕುಡಿದು ಬಂದವರು ಶಿಳ್ಳೆ ಹೊಡೆದಿದ್ದಾರೆ, ಕಲ್ಲು ಎಸೆದಿದ್ದಾರೆ. ಅವತ್ತೆಲ್ಲ ಅತ್ತಿಲ್ಲ. ಕಚೇರಿಯಲ್ಲಿ ಹಾಡಿದ ದಿನ ಬಸ್ ಸ್ಟ್ಯಾಂಡಿನಲ್ಲಿ ಕೂತು ಅತ್ತೆ. ನನ್ನ ಹಾಡು ಫೈಲಿಗೆ ಹಿಡಿಯುವುದಿಲ್ಲ ಅಂದಮೇಲೆ ಯಾಕೆ ಹಾಡಿಸಿದಿರಿ? ಯಾವ ನಿಯಮದಲ್ಲಿ ಇದೆ ಇದು? ನಿಮಗೆ ನಿಯಮ ಗೊತ್ತಲ್ಲ, ನೀವೇ ಹೇಳಿ.

ನಾನು ಕೇಳುವುದು ದೊಡ್ಡದೇನಲ್ಲ. ನಾಟಕ ಗೊತ್ತಿರುವವರನ್ನು ಕೂರಿಸಿ. ಹಾರ್ಮೋನಿಯಂ ನುಡಿಸಿದವರು, ಬಣ್ಣ ಹಚ್ಚಿದವರು, ಜೊತೆಗೆ ಪಾತ್ರ ಮಾಡಿದವರು ಇನ್ನೂ ಬದುಕಿದ್ದಾರೆ. ಅವರು ‘ಹೌದು, ಈಕೆ ನಮ್ಮ ಜೊತೆ ಇದ್ದಳು’ ಅಂತ ಬರೆದುಕೊಟ್ಟರೆ ಅದನ್ನೇ ಪುರಾವೆ ಅಂತ ತೆಗೆದುಕೊಳ್ಳಿ. ಬಳ್ಳಾರಿ, ರಾಯಚೂರು, ಕೊಪ್ಪಳ, ಮೂರೂ ಕಡೆ ಒಂದೊಂದು ದಿನ ಸಾಕು. ಹಾಡು ಕೇಳಲೇಬೇಕು ಅಂದರೆ ಗೊತ್ತಿರುವವರು ಕೇಳಲಿ. ಕೇಳಿ ರೆಕಾರ್ಡ್ ಮಾಡಿ ಇಟ್ಟುಕೊಳ್ಳಲಿ. ನಮ್ಮ ಜೊತೆ ಆ ಹಾಡುಗಳ ಮಟ್ಟುಗಳೂ ಹೋಗಿಬಿಡುತ್ತವೆ, ಅಲ್ವಾ?

ಇದು ಹಳೇ ಕಾಲದ ದೊಡ್ಡ ನಟ ಬಳ್ಳಾರಿ ರಾಘವರ ಊರು. ಹೆಂಗಸರು ರಂಗಕ್ಕೆ ಬರಲಿ ಅಂತ ಅಷ್ಟು ಹಿಂದೆಯೇ ಶ್ರಮಿಸಿದವರು ಅವರು. ಬಂದೆವು. ಬಂದವರ ಗತಿ ನೋಡಿ.

ಮತ್ತೊಮ್ಮೆ ಕೇಳುತ್ತೇನೆ. ಗೊತ್ತಿರುವವರನ್ನು ಕೂರಿಸಿ. ಜೊತೆಗಾರರ ಮಾತನ್ನು ಪುರಾವೆ ಅಂತ ಒಪ್ಪಿ. ನಾನೊಬ್ಬಳೇ ಅಲ್ಲ, ನಮ್ಮ ಓಣಿಯಲ್ಲೇ ಇನ್ನೂ ಇಬ್ಬರಿದ್ದಾರೆ. ಒಬ್ಬರಿಗೆ ಕಣ್ಣು ಕಾಣುವುದಿಲ್ಲ. ಈ ಪತ್ರವನ್ನು ಅವರಿಗೆ ಓದಿ ಹೇಳಿದ್ದೇನೆ. ‘ನಂದೂ ಸೇರಿಸಿ ಬರಿ’ ಅಂದರು. ಸೇರಿಸಿದ್ದೇನೆ.

ಇಂತಿ,
ಕಂಪನಿ ನಾಟಕದ ನಟಿ, ಗಾಯಕಿ
ಬಳ್ಳಾರಿ