ಸೋತ ಆಟಗಾರರ ಪುಸ್ತಕಕ್ಕೂ ಜಾಗ ಕೊಡಿ

ಮಾನ್ಯ ಸಂಪಾದಕರೇ,

ಆಟಗಾರರ ಆತ್ಮಕಥೆಗಳ ಬಗ್ಗೆ ನಿಮ್ಮ ಪುಸ್ತಕ ಪುಟದಲ್ಲಿ ಬಂದ ಬರಹ ಓದಿದೆ. ಬರೀ ಕಪ್ ಗೆದ್ದವರ ಕಥೆಗಳೇ ಜಾಸ್ತಿ. ಬೇಸ್‌ಬಾಲ್ ನೋಡದ ನಾನೂ ಆ ಆಟದ ಪುಸ್ತಕಗಳನ್ನು ಬಿಡದೆ ಓದುತ್ತೇನೆ. ಕಾರಣ, ಅಲ್ಲಿ ಸಂಬಳ, ನೋವು, ಭಯ ಎಲ್ಲವೂ ಬರುತ್ತವೆ.

ಜಿಮ್ ಬೌಟನ್ ಬರೆದ ‘ಬಾಲ್ ಫೋರ್’ ನೋಡಿ. 1963ರಲ್ಲಿ ನ್ಯೂಯಾರ್ಕಿನ ಯಾಂಕೀಸ್ ತಂಡಕ್ಕೆ 21 ಪಂದ್ಯ ಗೆದ್ದುಕೊಟ್ಟ ಪಿಚರ್, ಅಂದರೆ ಚೆಂಡೆಸೆಯುವವ ಆತ. ಆಮೇಲೆ ತೋಳು ಕೈಕೊಟ್ಟಿತು. 1969ರಲ್ಲಿ ಸಿಯಾಟಲ್‌ನ ಹೊಸ ತಂಡದಲ್ಲಿ ನಕಲ್‌ಬಾಲ್ ಎಂಬ ನಿಧಾನದ ಎಸೆತ ನಂಬಿಕೊಂಡು ಹೇಗೋ ದಿನ ತಳ್ಳುತ್ತಿದ್ದ. ಆ ವರ್ಷದ ದಿನಚರಿಯೇ ಈ ಪುಸ್ತಕ. ಆಟಗಾರರ ಕುಡಿತ, ಮಾತ್ರೆ, ಸಂಬಳದ ಚೌಕಾಸಿ ಯಾವುದನ್ನೂ ಮುಚ್ಚಿಟ್ಟಿಲ್ಲ. 1970ರಲ್ಲಿ ಅದು ಹೊರಬಂದಾಗ ಬೇಸ್‌ಬಾಲ್ ಕಮಿಷನರ್ ಬೋವೀ ಕೂನ್ ಆತನನ್ನು ಕರೆಸಿ, ಬರೆದದ್ದು ಸುಳ್ಳೆಂದು ಸಹಿ ಹಾಕಲು ಹೇಳಿದರು. ಬೌಟನ್ ಒಪ್ಪಲಿಲ್ಲ. ನಗಿಸುತ್ತಲೇ ಓದಿಸುವ ಪುಸ್ತಕ, ಅದು ಬೇರೆ ಮಾತು.

ಇನ್ನೊಬ್ಬ ಬೇಸ್‌ಬಾಲ್ ಆಟಗಾರ ಕರ್ಟ್ ಫ್ಲಡ್ ಕಥೆ ಇನ್ನೂ ಕಹಿ. 1969ರಲ್ಲಿ ಸೇಂಟ್ ಲೂಯಿಸ್ ತಂಡ ಆತನನ್ನು ಕೇಳದೆಯೇ ಫಿಲಡೆಲ್ಫಿಯಾ ತಂಡಕ್ಕೆ ಕೊಟ್ಟಿತು. ಹೋಗಲ್ಲ ಎಂದ. ಸುಮ್ನೆ ಹೋಗಿದ್ದರೆ ಕೈತುಂಬ ಸಂಬಳ ಸಿಗುತ್ತಿತ್ತು, ಅಲ್ವಾ? 1970ರ ಇಡೀ ಸೀಸನ್ ಆಡದೆ, ತಂಡ ಬಿಡದ ಹೊರತು ಆಟಗಾರ ತಾನಾಗಿ ಬೇರೆ ತಂಡಕ್ಕೆ ಹೋಗುವಂತಿಲ್ಲ ಎಂಬ ನಿಯಮದ ವಿರುದ್ಧ ಕೋರ್ಟಿಗೆ ಹೋದ. 1971ರಲ್ಲಿ ಆತ್ಮಕಥೆ ಬಂತು. 1972ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟಿನಲ್ಲಿ ಸೋತ. ಆಟಗಾರರನ್ನು ಕಟ್ಟಿಹಾಕಿದ್ದ ಆ ನಿಯಮ ಸಡಿಲವಾದದ್ದು 1975ರ ಕೊನೆಯಲ್ಲಿ. ಅಷ್ಟರಲ್ಲಿ ಫ್ಲಡ್ ಆಟ ಮುಗಿದಿತ್ತು.

ಮುಂದಿನ ಸಲ ಇಂಥ ಪುಸ್ತಕಗಳನ್ನೂ ಪರಿಚಯಿಸಿ. ಅರ್ಧ ಪುಟ ಸಾಕು.

ನಿಮ್ಮ ಹಳೆಯ ಓದುಗ